ಗೋಡೆಗೂ ಒಂದು ಪಾಸು

ನಮ್ಮ ಊರು ಶಿವನಸಮುದ್ರ ಎಂದು ಹೇಳಿದೊಡನೆಯೇ ಎದುರಿಗಿದ್ದವರು ಕೇಳುವ ಪ್ರಶ್ನೆ ಒಂದೇ: "ನೀರು ಬಂದಿದೆಯೇ?" ಗಗನಚುಕ್ಕಿಯಲ್ಲಿ ನೀರಿರುವುದೂ ಇಲ್ಲದಿರುವುದೂ ಕೊಡಗಿನ ಮಳೆಯನ್ನೂ ಕನ್ನಂಬಾಡಿಯ ಬಾಗಿಲುಗಳನ್ನೂ ಅವಲಂಬಿಸಿದೆಯೇ ಹೊರತು ನನ್ನನ್ನಲ್ಲ ಎಂದು ಎಷ್ಟು ಹೇಳಿದರೂ ಪ್ರಯೋಜನವಿಲ್ಲ. ಊರಿಗೊಂದು ಜಲಪಾತವಿದ್ದುಬಿಟ್ಟರೆ ಅಲ್ಲಿ ಹುಟ್ಟಿದವರಿಗೆ ಬೇರೆ ಗುರುತು ಉಳಿಯುವುದಿಲ್ಲ. ಐವತ್ತು ವರ್ಷಗಳಿಗೂ ಮೇಲ್ಪಟ್ಟು ನಾನು ಕಾಲ್ಚೆಂಡನ್ನು ಆಡಿದವನು, ಆಡಿಸಿದವನು. ಅದರಲ್ಲಿಯೂ ಬಯಲಿನ ಆಟಕ್ಕಿಂತ ಸೂರಿನ ಕೆಳಗಿನ ಆಟವನ್ನೇ ಹೆಚ್ಚು ಆಡಿದವನು. ಇದನ್ನು ಹೇಳಿದರೆ ಜನ ಒಂದು ಕ್ಷಣ ನನ್ನ ಮೊಣಕಾಲನ್ನು ನೋಡಿ, "ಶಿವನಸಮುದ್ರದಲ್ಲಿ ಫುಟ್‌ಬಾಲೇ!" ಎನ್ನುತ್ತಾರೆ. ಆಮೇಲೆ, "ಅಂದ ಹಾಗೆ, ನೀರು ಬಂದಿದೆಯೇ?" ಎನ್ನುತ್ತಾರೆ.

ನಾನು ಹುಟ್ಟಿದ್ದು 1957ರಲ್ಲಿ, ಬ್ಲಫ್ ಕಾಲೋನಿಯಲ್ಲಿ. ಇಂಗ್ಲಿಷಿನ ಆ ಮಾತಿಗೆ ಕಡಿದಾದ ದಿಣ್ಣೆ ಎಂದೂ ಅರ್ಥವಿದೆ, ಬೂಟಾಟಿಕೆ ಎಂದೂ ಅರ್ಥವಿದೆ. ನಮ್ಮದು ಮೊದಲನೆಯ ಅರ್ಥದ ಬ್ಲಫ್. ದಿಣ್ಣೆಯ ಮೇಲೆ ಕ್ವಾರ್ಟರ್ಸು, ಕೆಳಗೆ ಆಳದಲ್ಲಿ ಪವರ್ ಹೌಸು, ನಡುವೆ ಟ್ರಾಲಿ. ನಮ್ಮ ತಂದೆ ಅಲ್ಲಿ ಆಪರೇಟರು. ರಾತ್ರಿ ಪಾಳಿ ಮುಗಿಸಿ ಟ್ರಾಲಿಯಲ್ಲಿ ಮೇಲೆ ಬಂದು ಹಗಲೆಲ್ಲ ಮಲಗುತ್ತಿದ್ದರು. ಆದುದರಿಂದ ನಮ್ಮ ಮನೆಯ ಮುಂದೆ ಸದ್ದು ಮಾಡುವ ಯಾವ ಆಟವನ್ನೂ ಆಡುವಂತಿರಲಿಲ್ಲ. ಪಾಳಿ ಎಲ್ಲರ ಮನೆಯಲ್ಲಿಯೂ ಇದ್ದುದರಿಂದ ಯಾರ ಮನೆಯ ಮುಂದೆಯೂ ಆಡುವಂತಿರಲಿಲ್ಲ.

ಪವರ್ ಹೌಸಿನ ಕಥೆ ಓದುಗರಿಗೆ ಗೊತ್ತಿರುವುದೇ. ದಿವಾನ್ ಶೇಷಾದ್ರಿ ಅಯ್ಯರ್ ಅವರು ಹಟ ಹಿಡಿದು ಮಾಡಿಸಿದ ಕೆಲಸ. ಆದರೆ ಅವರು ಅದನ್ನು ನೋಡಲು ಉಳಿಯಲಿಲ್ಲ, 1901ರಲ್ಲಿಯೇ ತೀರಿಕೊಂಡರು. 1902ರ ಜೂನ್ 30ರಂದು ಇಲ್ಲಿಂದ ಹೊರಟ ಕರೆಂಟು 147 ಕಿಲೋಮೀಟರು ತಂತಿಯ ಮೇಲೆ ನಡೆದು ನೇರವಾಗಿ ಕೋಲಾರದ ಚಿನ್ನದ ಗಣಿಗೆ ಹೋಯಿತು. ಬೆಂಗಳೂರಿಗೆ ದೀಪ ಬಂದದ್ದು 1905ರಲ್ಲಿ. ಮೈಸೂರಿಗೆ ಇನ್ನೂ ಮೂರು ವರ್ಷ ಕಳೆದು. ಕಾವೇರಿಯ ದಡದ ಹಳ್ಳಿಗಳಿಗೆ ಬಂದದ್ದು ಇನ್ನೆಷ್ಟೋ ಕಾಲದ ಮೇಲೆ. ನಮ್ಮ ಅಜ್ಜಿ ಸೀಮೆಎಣ್ಣೆ ಬುಡ್ಡಿಯ ಗಾಜನ್ನು ಒರೆಸುತ್ತಾ, "ನೀರು ನಮ್ದು, ಬೆಳಕು ಅವ್ರದ್ದು" ಎಂದು ಹೇಳುತ್ತಿದ್ದುದನ್ನು ನಮ್ಮ ತಂದೆ ಕೊನೆಯವರೆಗೂ ನೆನೆಯುತ್ತಿದ್ದರು. ಇಷ್ಟೆಲ್ಲ ಕರೆಂಟು ತೆಗೆದುಕೊಂಡ ಕೆ.ಜಿ.ಎಫ್. ನಮಗೆ ಏನನ್ನು ಕೊಟ್ಟಿತೋ ಲೆಕ್ಕ ಬಲ್ಲವರು ಹೇಳಬೇಕು. ನನಗೆ ಮಾತ್ರ ಒಬ್ಬ ಮನುಷ್ಯನನ್ನೂ ಒಂದು ಚೆಂಡನ್ನೂ ಕೊಟ್ಟಿತು.

ಆ ಮನುಷ್ಯನನ್ನು ನಾವು ಫಿಟ್ಟರಣ್ಣ ಎಂದು ಕರೆಯುತ್ತಿದ್ದೆವು. ಹುಟ್ಟಿ ಬೆಳೆದದ್ದು ಕೆ.ಜಿ.ಎಫ್.ನ ಗಣಿಯ ಲೈನ್ ಮನೆಗಳಲ್ಲಿ. ಗಣಿಯ ದೊರೆಗಳು ತಂದ ಆಟವನ್ನು ಗಣಿಯ ಕೂಲಿಗಳ ಮಕ್ಕಳು ಬರಿಗಾಲಿನಲ್ಲಿ ಕಲಿತು ದೊರೆಗಳಿಗಿಂತ ಚೆನ್ನಾಗಿ ಆಡುತ್ತಿದ್ದ ಊರು ಅದು. ಫಿಟ್ಟರಣ್ಣನೂ ಆಡಿದ್ದ, ಬೆಂಗಳೂರಿಗೂ ಹೋಗಿ ಆಡಿದ್ದ. ಮೊಣಕಾಲು ಕೆಟ್ಟ ಮೇಲೆ ಕೆಲಸಕ್ಕೆ ಸೇರಿ ನಮ್ಮ ದಿಣ್ಣೆಗೆ ಬಂದಿದ್ದ. ಅರ್ಧ ತಮಿಳು, ಅರ್ಧ ಕನ್ನಡ, ನಡುನಡುವೆ ಇಂಗ್ಲಿಷಿನ ಬೈಗುಳ. ಆ ಬೈಗುಳದ ಅರ್ಥ ನಮಗೆ ತಿಳಿಯುತ್ತಿರಲಿಲ್ಲವಾದ್ದರಿಂದ ನಮ್ಮ ತಾಯಂದಿರು ಅವನನ್ನು ಸಭ್ಯನೆಂದೇ ಎಣಿಸಿದ್ದರು.

ಜೂನಿನಿಂದ ಆಗಸ್ಟಿನವರೆಗೆ ನಮ್ಮಲ್ಲಿ ಮಳೆಗಿಂತ ಹನಿ ಹೆಚ್ಚು. ಹೊಳೆ ತುಂಬಿ ಬಂದಾಗ ಗಗನಚುಕ್ಕಿಯಿಂದ ಏಳುವ ತುಂತುರು ಗಾಳಿಯ ಜೊತೆ ಬಂದು ಒಣಹಾಕಿದ ಬಟ್ಟೆಯನ್ನು ಮತ್ತೆ ತೊಯಿಸುತ್ತಿತ್ತು. ಬಯಲಿನಲ್ಲಿ ಕಾಲಿಟ್ಟರೆ ಕೆಸರು. ಆಗ ಫಿಟ್ಟರಣ್ಣ ಯಾರನ್ನು ಹೇಗೆ ಒಪ್ಪಿಸಿದನೋ ಕಾಣೆ, ಹಳೆಯ ಸಾಮಾನಿನ ಒಂದು ಖಾಲಿ ಷೆಡ್ಡಿನ ಬೀಗದ ಕೈಯನ್ನು ಸಂಪಾದಿಸಿದ. ಕಲ್ಲಿನ ಗೋಡೆ, ತಗಡಿನ ಸೂರು, ಸಿಮೆಂಟಿನ ನೆಲ. ಎರಡು ಕಡೆಯೂ ಸೀಮೆಸುಣ್ಣದಲ್ಲಿ ಗೋಲು ಬರೆದ. ಒಂದೊಂದು ಕಡೆಗೆ ನಾಲ್ಕೇ ಜನ; ಅದಕ್ಕಿಂತ ಹೆಚ್ಚಾದರೆ ಚೆಂಡಿಗೆ ಜಾಗವಿರುತ್ತಿರಲಿಲ್ಲ. ಚೆಂಡು ಚರ್ಮದ್ದು, ಹೊಟ್ಟೆಯ ಮೇಲೆ ದಾರ ಕಟ್ಟಿದ್ದು. ಅದರ ಬ್ಲಾಡರಿಗೆ ಸೈಕಲ್ ಷಾಪಿನವನು ಹಾಕಿದ ತೇಪೆಗಳು ಎಷ್ಟಿದ್ದುವೆಂದರೆ, ಕೊನೆಕೊನೆಗೆ ತೇಪೆಗಳೇ ಉಳಿದು ಬ್ಲಾಡರು ಹೋಗಿತ್ತು.

ಆ ಷೆಡ್ಡಿನಲ್ಲಿ ಚೆಂಡು ಹೊರಕ್ಕೆ ಹೋಯಿತು ಎಂಬ ಮಾತೇ ಇಲ್ಲ. ಗೋಡೆಗೆ ಬಡಿದು ಬಂದರೂ ಆಟ ನಡೆಯಬೇಕು. ಮೊದಮೊದಲು ನಾವು ಗೋಡೆಯನ್ನು ಶತ್ರುವೆಂದೇ ತಿಳಿದು ಅದರಿಂದ ದೂರ ಓಡುತ್ತಿದ್ದೆವು. ಫಿಟ್ಟರಣ್ಣ ಒಂದು ಕೇಬಲ್ ಡ್ರಮ್ಮಿನ ಮೇಲೆ ಕಾಲು ನೀಡಿಕೊಂಡು ಕೂತು ಕೂಗುತ್ತಿದ್ದ: "ಲೇ ತಂಬಿ, ಗೋಡೆ ಯಾರ ಪಾರ್ಟಿನೂ ಅಲ್ಲ ಕಣೋ! ನೀ ಹೆಂಗೆ ಕೊಡ್ತೀಯೋ ಅದು ಹಂಗೇ ವಾಪಸ್ ಕೊಡ್ತದೆ. ಗೋಡೆಗೂ ಒಂದು ಪಾಸು ಕೊಟ್ಟು ನೋಡು!" ಕೊಟ್ಟು ನೋಡಿದೆವು. ಎದುರಿಗೆ ನಿಂತವನ ಎಡಕ್ಕೆ ಚೆಂಡನ್ನು ಗೋಡೆಗೆ ತಟ್ಟಿ ನಾವು ಅವನ ಬಲಕ್ಕೆ ಓಡಿದರೆ ಚೆಂಡು ಅವನ ಬೆನ್ನ ಹಿಂದೆ ನಮಗಾಗಿ ಕಾದಿರುತ್ತಿತ್ತು. ಆ ದಿನ ನನಗಾದ ಆನಂದವನ್ನು ಮುಂದೆ ಮದುವೆಯ ದಿನ ಮಾತ್ರ ಕಂಡೆನೆಂದು ಬರೆಯಬಹುದಿತ್ತು. ಮನೆಯವಳು ಪತ್ರಿಕೆ ಓದುತ್ತಾಳಾದ್ದರಿಂದ ಹಾಗೆಯೇ ಬರೆದಿದ್ದೇನೆ.

ಆಟಕ್ಕೆ ಮೊದಲು ಪ್ರತಿಯೊಬ್ಬನೂ ಗೋಡೆಗೆ ನೂರು ಪಾಸು ಕೊಡಬೇಕು: ಬಲಗಾಲಿನಲ್ಲಿ ಐವತ್ತು, ಎಡಗಾಲಿನಲ್ಲಿ ಐವತ್ತು. ಬಂದ ಚೆಂಡನ್ನು ಅಂಗಾಲಿನ ಕೆಳಗೆ ಹಿಡಿದು ನಿಲ್ಲಿಸಬೇಕು. ಬಯಲಿನ ಆಟದಲ್ಲಿ ಚೆಂಡನ್ನು ಪಾದದ ಒಳಬದಿಯಿಂದ ತಡೆಯುತ್ತಾರೆ. ಒಳಾಂಗಣದಲ್ಲಿ ಅಂಗಾಲೇ ಕೈ. ಇದು ಪ್ರಪಂಚವೆಲ್ಲ ಒಪ್ಪಿದ ಪದ್ಧತಿ ಎಂದು ನನಗೆ ಗೊತ್ತಾದದ್ದು ಎಷ್ಟೋ ವರ್ಷಗಳ ಮೇಲೆ. ಫಿಟ್ಟರಣ್ಣನಿಗೆ ಯಾರು ಹೇಳಿಕೊಟ್ಟಿದ್ದರೋ, ಸಿಮೆಂಟಿನ ನೆಲವೇ ಹೇಳಿಕೊಟ್ಟಿತೋ.

ಮಳೆ ಜೋರಾಗಿ ತಗಡಿನ ಮೇಲೆ ಬಿದ್ದು ಅವನ ಕೂಗು ನಮಗೆ ಕೇಳದಂತಾದಾಗ ಆಟ ನಿಲ್ಲುತ್ತಿತ್ತು, ಕಥೆ ಮೊದಲಾಗುತ್ತಿತ್ತು. ಕಥೆಯೆಂದರೆ ಎರಡೇ. ಒಂದು, 1948ರ ಜುಲೈ 31ರಂದು ಲಂಡನ್ನಿನ ಇಲ್ಫರ್ಡಿನಲ್ಲಿ ನಮ್ಮವರು ಫ್ರಾನ್ಸಿನ ಮೇಲೆ ಆಡಿದ್ದು. ಹೆಚ್ಚಿನವರಿಗೆ ಬೂಟಿಲ್ಲ. ಎರಡು ಪೆನಾಲ್ಟಿಗಳು ವ್ಯರ್ಥವಾದುವು. ಆದರೂ ಒಲಿಂಪಿಕ್ಸಿನಲ್ಲಿ ಭಾರತದ ಮೊಟ್ಟಮೊದಲನೆಯ ಗೋಲನ್ನು ಬೆಂಗಳೂರಿನ ಸಾರಂಗಪಾಣಿ ರಾಮನ್ ಹೊಡೆದರು. ಆಟ ಮುಗಿಯುವ ಹೊತ್ತಿಗೆ ಇನ್ನೊಂದು ಗೋಲು ಬಿಟ್ಟುಕೊಟ್ಟು 2-1ರಲ್ಲಿ ಸೋತೆವು. ಇನ್ನೊಂದು ಕಥೆ ಅಹಮದ್ ಖಾನರದು. ಅವರೂ ಬೆಂಗಳೂರಿನವರೇ. 1952ರ ಹೆಲ್ಸಿಂಕಿಯಲ್ಲಿ ಯುಗೋಸ್ಲಾವಿಯ ನಮಗೆ ಹತ್ತು ಗೋಲು ಹೊಡೆದಾಗ ನಮ್ಮ ಕಡೆಯ ಒಂದೇ ಒಂದು ಗೋಲು ಅವರದು. "ಹತ್ತು ಹೊಡ್ದೋರ ಹೆಸ್ರು ಯಾರಿಗ್ ಗೊತ್ತು? ಒಂದು ಹೊಡ್ದೋನ್ ಹೆಸ್ರು ನಿಂಗ್ ಗೊತ್ತು!" ಎಂದು ಫಿಟ್ಟರಣ್ಣ ತೊಡೆ ತಟ್ಟುತ್ತಿದ್ದ. ಈ ತರ್ಕದಲ್ಲಿ ದೋಷವಿದೆಯೆಂದು ಈಗ ಕಾಣುತ್ತದೆ. ಆಗ ಕಾಣಲಿಲ್ಲ, ಕಾಣದಿದ್ದುದರಿಂದಲೇ ಆಡಲು ಸಾಧ್ಯವಾಯಿತು.

ಮೈಸೂರು ತಂಡ 1967-68ರಲ್ಲಿಯೂ ಮರುವರ್ಷವೂ ಸಾಲಾಗಿ ಸಂತೋಷ್ ಟ್ರೋಫಿಯನ್ನು ಗೆದ್ದಾಗ ಫಿಟ್ಟರಣ್ಣ ಕಾಲೋನಿಯ ಹುಡುಗರಿಗೆಲ್ಲ ಖಾರದ ಮಂಡಕ್ಕಿ ಕೊಡಿಸಿದ. ಮುಂದಿನ ವರ್ಷವೂ ಕೊಡಿಸುತ್ತೇನೆಂದು ಮಾತು ಕೊಟ್ಟ. ಆ ಮಂಡಕ್ಕಿ ಮತ್ತೆ ಬರಲು ಐವತ್ತನಾಲ್ಕು ವರ್ಷ ಬೇಕಾಯಿತು: 2023ರ ಮಾರ್ಚಿಯಲ್ಲಿ, ಅದೂ ದೂರದ ರಿಯಾಧಿನಲ್ಲಿ, ಕರ್ನಾಟಕ ತಂಡ ಮೇಘಾಲಯವನ್ನು 3-2ರಿಂದ ಸೋಲಿಸಿತು. ಫಿಟ್ಟರಣ್ಣ ತೀರಿಹೋಗಿ ಬಹಳ ಕಾಲವಾಗಿತ್ತು. ನಾನೊಬ್ಬನೇ ಗಾಂಧಿಬಜಾರಿನಿಂದ ಮಂಡಕ್ಕಿ ತಂದು ಟೆಲಿವಿಷನ್ನಿನ ಮುಂದೆ ಕೂತು ತಿಂದೆ.

1976ರಲ್ಲಿ ಆಟದ ಬಲದ ಮೇಲೆ ಬೆಂಗಳೂರಿನ ಒಂದು ಕಾರ್ಖಾನೆಯಲ್ಲಿ ಕೆಲಸ ಸಿಕ್ಕಿತು. ವೃತ್ತಿಪರ ಆಟಗಾರ ಎಂಬ ಮಾತನ್ನು ಇಂದಿನ ಹುಡುಗರು ಸಲೀಸಾಗಿ ಬಳಸುತ್ತಾರೆ. ನಮ್ಮ ಕಾಲದಲ್ಲಿ ಆ ಮಾತಿನ ಅರ್ಥ, ಬೆಳಿಗ್ಗೆ ಲೇತಿನ ಮುಂದೆ ನಿಲ್ಲುವುದು, ಮಧ್ಯಾಹ್ನ ಗೇಟ್ ಪಾಸು ಪಡೆದು ಮೈದಾನಕ್ಕೆ ಹೋಗುವುದು, ತಂಡ ಸೋತರೆ ಮರುದಿನ ಲೇತಿನ ಪಕ್ಕದವನಿಂದ ಮಾತು ಕೇಳುವುದು. ಹನ್ನೊಂದು ಜನರ ತಂಡದಲ್ಲಿ ನಾನು ಬೆಂಚಿನ ಹುಡುಗನೇ. ಉದ್ದನೆಯ ಮೈದಾನ ಕಂಡರೆ ನನಗೆ ದಿಕ್ಕು ತಪ್ಪುತ್ತಿತ್ತು. ಗೋಡೆಯಿಲ್ಲದ ಮನೆಯಲ್ಲಿ ಮಲಗಿದಂತಾಗುತ್ತಿತ್ತು. ನನ್ನ ಅದೃಷ್ಟಕ್ಕೆ ಸಂಜೆಯ ಹೊತ್ತು ದೀಪ ಹಾಕಿ ಬ್ಯಾಸ್ಕೆಟ್‌ಬಾಲ್ ಕೋರ್ಟಿನಲ್ಲಿಯೋ ಶಾಲೆಯ ಸಭಾಂಗಣದಲ್ಲಿಯೋ ಐದೈದು ಜನರ ಪಂದ್ಯಗಳು ನಡೆಯುತ್ತಿದ್ದುವು. ಅದಕ್ಕೆ 'ಫೈವ್ಸ್' ಎನ್ನುತ್ತಿದ್ದೆವು. ಗೆದ್ದರೆ ಒಂದು ಕವರಿನಲ್ಲಿ ಅರವತ್ತೋ ಎಪ್ಪತ್ತೋ ರೂಪಾಯಿ. ನಾನು ದುಡ್ಡಿಗಾಗಿ ಆಡಿದ್ದು ಅಲ್ಲಿಯೇ. ಆದುದರಿಂದ ಒಳಾಂಗಣ ಕಾಲ್ಚೆಂಡಿನ ವೃತ್ತಿಪರ ಎಂದು ಹೇಳಿಕೊಳ್ಳುವ ಹಕ್ಕು ಆ ಕವರುಗಳಷ್ಟರ ಮಟ್ಟಿಗೆ ನನಗಿದೆ. ಹದಿನಾಲ್ಕು ವರ್ಷ ಆಡಿದೆ. 1990ರಲ್ಲಿ ಎಡ ಮೊಣಕಾಲು, "ಇನ್ನು ಸಾಕು" ಎಂದಿತು. ಫಿಟ್ಟರಣ್ಣನದೂ ಎಡಗಾಲೇ ಎಂಬುದು ಆಗ ನೆನಪಾಯಿತು.

ಮರುವರ್ಷ ಬೆಂಗಳೂರಿನಲ್ಲಿ ಆರು ವಾರದ ಶಿಬಿರವೊಂದರಲ್ಲಿ ಕಲಿತು ತರಬೇತುದಾರನೆಂದು ಸರ್ಟಿಫಿಕೇಟು ಪಡೆದೆ. ಈ ಆಟದ ಹುಟ್ಟನ್ನು ಓದಿಕೊಂಡದ್ದೂ ಆಗಲೇ. ಇದನ್ನು ಶಾಸ್ತ್ರಬದ್ಧವಾಗಿ ಕಟ್ಟಿದವನು ಆಟಗಾರನಲ್ಲ, ಒಬ್ಬ ಮೇಷ್ಟ್ರು. ಉರುಗ್ವೆ ದೇಶದ ಮಾಂಟೆವಿಡಿಯೋದಲ್ಲಿ, ವೈ.ಎಂ.ಸಿ.ಎ.ಯಲ್ಲಿ ಕೆಲಸ ಮಾಡುತ್ತಿದ್ದ ಹ್ವಾನ್ ಕಾರ್ಲೋಸ್ ಸೆರಿಯಾನಿ. 1930ರಲ್ಲಿ ಆ ದೇಶ ಮೊದಲ ವಿಶ್ವಕಪ್ಪನ್ನು ಗೆದ್ದು ಊರಿನ ಹುಡುಗರಿಗೆಲ್ಲ ಚೆಂಡಿನ ಹುಚ್ಚು ಹಿಡಿದಿತ್ತು. ಸೆರಿಯಾನಿ ಬ್ಯಾಸ್ಕೆಟ್‌ಬಾಲ್, ಹ್ಯಾಂಡ್‌ಬಾಲ್, ವಾಟರ್‌ಪೋಲೋಗಳಿಂದ ಒಂದೊಂದು ನಿಯಮವನ್ನು ಎರವಲು ತಂದು ಸೂರಿನ ಕೆಳಗೆ ಐದೈದು ಜನ ಆಡುವ ಆಟವನ್ನು ಮಾಡಿದ. ಅದೇ ಇಂದಿನ ಫುಟ್ಸಾಲ್. ನಲವತ್ತು ಮೀಟರು ಉದ್ದ, ಇಪ್ಪತ್ತು ಮೀಟರು ಅಗಲದ ಅಂಗಳ. ಮೂರು ಮೀಟರು ಅಗಲ, ಎರಡು ಮೀಟರು ಎತ್ತರದ ಗೋಲು. ಪುಟಿಯಲು ಸೋಮಾರಿತನ ಮಾಡುವ ಸಣ್ಣ ಚೆಂಡು. ಚೆಂಡು ಗೆರೆ ದಾಟಿದರೆ ನಾಲ್ಕು ಸೆಕೆಂಡಿನಲ್ಲಿ ಮತ್ತೆ ಆಟಕ್ಕೆ ತರಬೇಕು. ಒಂದು ಅವಧಿಯಲ್ಲಿ ಐದು ತಪ್ಪುಗಳಾದ ಮೇಲೆ ಮುಂದಿನ ಪ್ರತಿಯೊಂದು ತಪ್ಪಿಗೂ ಎದುರಾಳಿಗೆ ಅಡ್ಡಗೋಡೆಯಿಲ್ಲದ ಒದೆತ. ಆಟಗಾರರನ್ನು ಎಷ್ಟು ಸಲ ಬೇಕಾದರೂ ಒಳಕ್ಕೆ ಕಳುಹಿಸಬಹುದು, ಹೊರಕ್ಕೆ ಕರೆಯಬಹುದು. ಈ ಕೊನೆಯ ನಿಯಮವನ್ನು ಓದುಗರು ನೆನಪಿಡಬೇಕೆಂದು ಕೋರುತ್ತೇನೆ.

ಸೆರಿಯಾನಿಯ ಆಟದಲ್ಲಿ ಗೋಡೆಯಿಲ್ಲ, ಗೆರೆಯಿದೆ. ನಮ್ಮ ಷೆಡ್ಡಿನ ಹಾಗೆ ಗೋಡೆಯೊಡನೆ ಆಡುವವರು ಅಮೆರಿಕದವರು. ಐಸ್ ಹಾಕಿಯ ಅಂಗಳದ ಮೇಲೆ ಹಸಿರು ಜಮಖಾನ ಹಾಸಿ, ಸುತ್ತಲಿನ ಹಲಗೆಗಳನ್ನು ಹಾಗೆಯೇ ಬಿಟ್ಟು, 1978ರಲ್ಲಿ ಅವರು ಒಂದು ದೊಡ್ಡ ಲೀಗನ್ನೇ ಮಾಡಿದರು. ಅದು 1992ರವರೆಗೆ ನಡೆಯಿತು. ಯುಗೋಸ್ಲಾವಿಯದಿಂದ ಬಂದ ಸ್ಟೀವ್ ಜುಂಗುಲ್ ಎಂಬಾತ ಅಲ್ಲಿ ಗೋಲುಗಳ ಮಳೆ ಕರೆದ. ಅದೇ ದೇಶದ ಪ್ರೆಕಿ ಎಂಬ ಇನ್ನೊಬ್ಬ 1985ರಲ್ಲಿ ಟಕೋಮಾ ಊರಿನ ತಂಡಕ್ಕೆ ಬಂದು ಹಲಗೆಗಳ ನಡುವೆ ಹೆಸರು ಮಾಡಿ, ಆಮೇಲೆ ಬಯಲಿಗೆ ಹೋಗಿ, ನಲವತ್ತರ ವಯಸ್ಸಿನಲ್ಲಿ, 2003ರಲ್ಲಿ, ಆ ದೇಶದ ದೊಡ್ಡ ಲೀಗಿನ ಶ್ರೇಷ್ಠ ಆಟಗಾರನೆನ್ನಿಸಿಕೊಂಡ. 2007ರಲ್ಲಿ ಅದೇ ಲೀಗಿನ ಶ್ರೇಷ್ಠ ತರಬೇತುದಾರನೂ ಆದ. ನಾಲ್ಕು ವರ್ಷಗಳ ಅಂತರದಲ್ಲಿ ಎರಡನ್ನೂ ಪಡೆದವನು! ಇದನ್ನು ಓದಿದಾಗ ನನಗೆ ಸಂತೋಷಕ್ಕಿಂತ ಅನುಮಾನವೇ ಹೆಚ್ಚಾಯಿತು. ಏಕೆಂದರೆ ಒಂದರಿಂದ ಇನ್ನೊಂದಕ್ಕೆ ದಾಟುವುದು ಎಷ್ಟು ಕಷ್ಟವೆಂಬುದು ಅಷ್ಟು ಹೊತ್ತಿಗೆ ನನ್ನ ಅನುಭವಕ್ಕೆ ಬಂದಿತ್ತು.

ಆಟಗಾರನಿಗೆ ಗೊತ್ತಿರುವುದೆಲ್ಲ ಕಾಲಿಗೆ ಗೊತ್ತಿರುತ್ತದೆ. ತರಬೇತುದಾರ ಅದನ್ನು ಬಾಯಿಗೆ ಕಲಿಸಬೇಕು. ಮೊದಲ ಮೂರು ತಿಂಗಳು ನಾನು ಹುಡುಗರಿಗೆ ಮಾಡಿ ತೋರಿಸುತ್ತಿದ್ದೆ. ಚೆಂಡನ್ನು ಅಂಗಾಲಿನಲ್ಲಿ ಎಳೆದು, ಸುತ್ತಿ, ಕುಂಟು ಕಾಲಿನಲ್ಲಿಯೇ ಇಬ್ಬರನ್ನು ದಾಟಿ ತೋರಿಸುತ್ತಿದ್ದೆ. ಹುಡುಗರು ಚಪ್ಪಾಳೆ ತಟ್ಟಿದರು; ಏನನ್ನೂ ಕಲಿಯಲಿಲ್ಲ. ಒಂದು ದಿನ ಮೊಣಕಾಲು ಊದಿಕೊಂಡು ಏಳಲಾರದೆ ಕುರ್ಚಿಯ ಮೇಲೆ ಕೂತೆ. ಆ ದಿನ ಅವರು ಕಲಿತರು. ಫಿಟ್ಟರಣ್ಣ ಕೇಬಲ್ ಡ್ರಮ್ಮಿನಿಂದ ಇಳಿಯದಿದ್ದುದರ ಗುಟ್ಟು ಇಷ್ಟೇ.

ಬಯಲಿನ ಆಟದಲ್ಲಿ ತರಬೇತುದಾರ ದೂರದಲ್ಲಿ ನಿಂತ ನೆಂಟ. ಅವನ ಕೂಗು ಅರ್ಧ ಮೈದಾನಕ್ಕೂ ತಲುಪುವುದಿಲ್ಲ. ಅವನು ಬದಲಾಯಿಸಬಹುದಾದ ಆಟಗಾರರು ಬೆರಳೆಣಿಕೆ. ಒಳಾಂಗಣದಲ್ಲಿ ಹಾಗಲ್ಲ. ಎರಡು ಮೂರು ನಿಮಿಷಕ್ಕೊಮ್ಮೆ ಒಬ್ಬನನ್ನು ಕರೆಯಬೇಕು, ಇನ್ನೊಬ್ಬನನ್ನು ಕಳುಹಿಸಬೇಕು. ಬೆಂಚಿನ ಮೇಲೆ ಕೂತ ಹುಡುಗನ ಉಸಿರು ಕೇಳಿಸುತ್ತದೆ. ಅವನು ಲೇಸನ್ನು ಬಿಚ್ಚಿ ಮತ್ತೆ ಕಟ್ಟುವುದು ಕಾಣಿಸುತ್ತದೆ. ಅವನನ್ನು ಆಡಿಸದೆ ಇರುವುದಕ್ಕೆ ತರಬೇತುದಾರನಿಗೆ ಅಲ್ಲಿ ಯಾವ ನೆವವೂ ಇಲ್ಲ.

1997ರ ಮಾತು. ನಾನು ಆಡಿಸುತ್ತಿದ್ದ ಹುಡುಗರಲ್ಲಿ ಹನ್ನೊಂದು ವರ್ಷದವನೊಬ್ಬನಿದ್ದ. ತಂದೆ ಸಿಟಿ ಮಾರ್ಕೆಟ್ಟಿನಲ್ಲಿ ಹೂವಿನ ವ್ಯಾಪಾರಿ. ಹುಡುಗ ವಯಸ್ಸಿಗೆ ಮೀರಿ ಚಿಕ್ಕವನು. ಆದರೆ ನಾನು ಕಲಿಸಿದವರಲ್ಲೆಲ್ಲ ಗೋಡೆಯ ಪಾಸಿನ ಮರ್ಮವನ್ನು ಸಂಪೂರ್ಣವಾಗಿ ಹಿಡಿದವನು ಅವನೊಬ್ಬನೇ. ನೂರು ಹೇಳಿದರೆ ಇನ್ನೂರು ಕೊಡುತ್ತಿದ್ದ. ಒಂದು ಶಾಲೆಯ ಸಭಾಂಗಣದಲ್ಲಿ ಫೈನಲ್ ಪಂದ್ಯ. ಅವನ ತಂದೆ ಅಂಗಡಿಯನ್ನು ಬೇರೆಯವರಿಗೆ ಒಪ್ಪಿಸಿ, ಜನ್ಮದಲ್ಲಿ ಮೊದಲ ಸಲ ಮಗನ ಆಟ ನೋಡಲು ಬಂದಿದ್ದರು. ಗೋಲಿನ ಬಲೆಯ ಹಿಂದೆ ನಿಂತಿದ್ದರು. ಅತ್ತ ಹೋದರೆ ಮಲ್ಲಿಗೆಯ ವಾಸನೆ.

ಎದುರಿನ ಹುಡುಗರು ಗಟ್ಟಿಮುಟ್ಟಾದವರು. ನನಗೆ ಗೆಲ್ಲಬೇಕೆಂಬ ಆಸೆ. ಆಸೆ ಎಂದರೆ ಸಣ್ಣ ಮಾತಾಯಿತು, ಹಸಿವು. ಆಟಗಾರನಾಗಿ ಗೆಲ್ಲದೆ ಉಳಿದದ್ದನ್ನೆಲ್ಲ ಆ ಅರ್ಧ ಗಂಟೆಯಲ್ಲಿ ಹುಡುಗರ ಕಾಲಿನಿಂದ ಗೆದ್ದುಕೊಳ್ಳಬೇಕೆಂದು ಹೊರಟಿದ್ದೆ. ದೊಡ್ಡ ಹುಡುಗರನ್ನೇ ಮತ್ತೆ ಮತ್ತೆ ಕಳುಹಿಸಿದೆ. ಚಿಕ್ಕವನು ಎರಡು ಸಲ ಎದ್ದು ನಿಂತ. ಎರಡು ಸಲವೂ, "ಇರಪ್ಪಾ, ಇನ್ನೊಂದು ನಿಮಿಷ" ಎಂದು ಕೂರಿಸಿದೆ. ಮೂರನೆಯ ಸಲ ಅವನು ಏಳಲಿಲ್ಲ. 4-3ರಲ್ಲಿ ಗೆದ್ದೆವು. ಅವನ ತಂದೆ ಬಂದು, "ಗೆದ್ರಲ್ಲ ಸಾರ್, ಬಹಳ ಒಳ್ಳೇದಾಯ್ತು" ಎಂದು ಎಲ್ಲ ಹುಡುಗರಿಗೂ ಒಂದೊಂದು ಗುಲಾಬಿ ಕೊಟ್ಟು, ನನಗೆ ಎರಡು ಕೊಟ್ಟರು. ತಮ್ಮ ಮಗನಿಗೂ ಕೊಟ್ಟರು. ಮುಂದಿನ ಭಾನುವಾರ ಹುಡುಗ ಬರಲಿಲ್ಲ. ಅದರ ಮುಂದಿನ ಭಾನುವಾರವೂ ಬರಲಿಲ್ಲ. ವಿಚಾರಿಸಿಕೊಂಡು ಮಾರ್ಕೆಟ್ಟಿಗೆ ಹೋಗಬಹುದಿತ್ತು. ಮನೆಯಿಂದ ಬಸ್ಸಿನಲ್ಲಿ ಇಪ್ಪತ್ತು ನಿಮಿಷದ ದಾರಿ. ಹೋಗಲಿಲ್ಲ. ಹಬ್ಬಕ್ಕೆ ಹೂ ಬೇಕಾದಾಗಲೂ ಮಾರ್ಕೆಟ್ಟಿಗೆ ಮನೆಯವಳನ್ನೇ ಕಳುಹಿಸಿದೆ.

ಆ ಕಪ್ಪು ಈಗಲೂ ನಮ್ಮ ಮನೆಯ ಷೋಕೇಸಿನಲ್ಲಿದೆ. ಅದರಲ್ಲಿ ಹಳೆಯ ಕೀಲಿಗಳನ್ನು ಇಟ್ಟಿದ್ದೇವೆ.

2020ರ ಅಕ್ಟೋಬರ್ 12ರಂದು ಕಾರ್ಲ್ಟನ್ ಚಾಪ್ಮನ್ ಬೆಂಗಳೂರಿನಲ್ಲಿ ಹೃದಯಾಘಾತದಿಂದ ತೀರಿಕೊಂಡ ಸುದ್ದಿ ಬಂತು. ಇನ್ನೂ ನಲವತ್ತೊಂಬತ್ತು ವರ್ಷ. ಆಸ್ಟಿನ್ ಟೌನಿನ ಹುಡುಗ; ಟಾಟಾ ಅಕಾಡೆಮಿಯಲ್ಲಿ ಕಲಿತು, 1993ರಲ್ಲಿ ಈಸ್ಟ್ ಬೆಂಗಾಲಿನ ಪರವಾಗಿ ಇರಾಕಿನ ಅಲ್ ಜವ್ರಾ ತಂಡದ ಮೇಲೆ ಮೂರು ಗೋಲು ಹೊಡೆದವನು; ಮೊದಲನೆಯ ರಾಷ್ಟ್ರೀಯ ಲೀಗನ್ನು ಗೆದ್ದ ಜೆ.ಸಿ.ಟಿ. ತಂಡದಲ್ಲಿದ್ದವನು, ಭಾರತದ ನಾಯಕನಾಗಿದ್ದವನು, 2001ರಲ್ಲಿ ಈಸ್ಟ್ ಬೆಂಗಾಲ್ ಅದೇ ಲೀಗನ್ನು ಗೆದ್ದಾಗ ಅದರ ನಾಯಕ. ಅವನು ಅಂಗಳದ ನಡುವೆ ನಿಂತು ಇತರರಿಗೆ ಚೆಂಡನ್ನು ಹಂಚುವ ಆಟಗಾರ. ಗೋಲು ಹೊಡೆದವರ ಹೆಸರಿನ ಪಕ್ಕದಲ್ಲಿ ಅಂಥವರ ಹೆಸರು ಸಣ್ಣ ಅಕ್ಷರದಲ್ಲಿ ಇರುತ್ತದೆ. ಆಟ ಬಿಟ್ಟ ಮೇಲೆ ತರಬೇತುದಾರನಾದ. ಟಾಟಾ ಅಕಾಡೆಮಿ, ಶಿಲ್ಲಾಂಗಿನ ರಾಯಲ್ ವಾಹಿಂಗ್ಡೋ, ಕೋಲ್ಕತ್ತೆಯ ಭವಾನೀಪುರ, ಬೆಂಗಳೂರಿನ ಸ್ಟೂಡೆಂಟ್ಸ್ ಯೂನಿಯನ್, ದೆಹಲಿಯ ಸುದೇವ, ಕೋಯಿಕ್ಕೋಡಿನ ಕ್ವಾರ್ಟ್ಜ್: ಹೀಗೆ ಊರಿಂದೂರಿಗೆ ಗಂಟು ಕಟ್ಟಿಕೊಂಡು ಹೋಗಿ ಹುಡುಗರನ್ನು ಬೆಳೆಸಿದ. ನಾನು ಓದಿದ ಬರಹಗಳಲ್ಲಿ ಅವನು ಆಡಿದ ಹತ್ತು ವರ್ಷಕ್ಕೆ ಎರಡು ಕಂಬಗಳಿದ್ದುವು, ಆಡಿಸಿದ ಹದಿನೆಂಟು ವರ್ಷಕ್ಕೆ ಎರಡು ಸಾಲು. ಅದರಲ್ಲಿ ತಪ್ಪೇನೂ ಇಲ್ಲ. ಅವನ ಹುಡುಗರ ಹೆಸರು ಬರೆಯಬೇಕಾದರೆ ಪತ್ರಿಕೆಗೆ ಎಷ್ಟು ಪುಟ ಬೇಕಾದೀತು! ಆದರೂ ಆ ದಿನ ನನಗೆ ಒಂದು ಯೋಚನೆ ಬಂತು: ಇವನಿಗೂ ಒಬ್ಬ ಕೂರಿಸಿದ ಹುಡುಗನಿದ್ದನೇ? ಎಲ್ಲ ತರಬೇತುದಾರರಿಗೂ ಇರುತ್ತಾನೆಯೇ? ಕೇಳಿದ್ದರೆ ಅವನು ನಕ್ಕುಬಿಡುತ್ತಿದ್ದನೋ, ಏನೋ. ಪರಿಚಯವಿರಲಿಲ್ಲ.

ಆಗ ಕೊರೋನಾದ ಕಾಲ; ಆಟವೆಲ್ಲ ಬಂದಾಗಿತ್ತು. ಅದು ಮುಗಿದ ಮೇಲೆ ಬೆಂಗಳೂರಿನಲ್ಲಿ 'ಟರ್ಫ್' ಎಂಬವು ಇನ್ನೂ ಹೆಚ್ಚಿದುವು. ಕಟ್ಟಡಗಳ ಮಾಳಿಗೆಯ ಮೇಲೆ, ಪೆಟ್ರೋಲ್ ಬಂಕಿನ ಹಿಂದೆ, ಎಲ್ಲಿ ಖಾಲಿ ಸೈಟಿದೆಯೋ ಅಲ್ಲಿ ಪ್ಲಾಸ್ಟಿಕ್ ಹುಲ್ಲು ಹಾಸಿ, ಬಲೆ ಕಟ್ಟಿ, ಗಂಟೆಗಿಷ್ಟು ಎಂದು ಬಾಡಿಗೆಗೆ ಬಿಡುತ್ತಾರೆ. ಇದು ಸೆರಿಯಾನಿಯ ಆಟವೂ ಅಲ್ಲ, ಅಮೆರಿಕದವರ ಆಟವೂ ಅಲ್ಲ, ನಮ್ಮ ಷೆಡ್ಡಿನದಂತೂ ಅಲ್ಲವೇ ಅಲ್ಲ. 2016ರಲ್ಲಿ ಪಾಲ್ ಸ್ಕೋಲ್ಸನಂಥವನು ಬೆಂಗಳೂರಿನ ಹೆಸರಿನ ಫುಟ್ಸಾಲ್ ತಂಡಕ್ಕೆ ಬಂದು ಆಡಿ ಹೋದ; 2021ರಲ್ಲಿ ದೇಶದ ಕ್ಲಬ್ಬುಗಳ ಚಾಂಪಿಯನ್‌ಷಿಪ್ ದೆಹಲಿಯಲ್ಲಿ ಮೊದಲಾಯಿತು; 2023ರಲ್ಲಿ ಭಾರತಕ್ಕೇ ಒಂದು ಫುಟ್ಸಾಲ್ ತಂಡವಾಯಿತು. ನಾನು ಷೆಡ್ಡಿನಲ್ಲಿ ಕಲಿತು ಅರ್ಧ ಶತಮಾನ ಕಳೆದ ಮೇಲೆ! ಇರಲಿ. ಶನಿವಾರ ಸಂಜೆ ಅಂಥ ಒಂದು ಟರ್ಫಿನಲ್ಲಿ ಮಕ್ಕಳಿಗೆ ಹೇಳಿಕೊಡುತ್ತೇನೆ. ಕುರ್ಚಿಯ ಮೇಲೆ ಕೂತೇ ಹೇಳಿಕೊಡುತ್ತೇನೆ.

2022ರಲ್ಲಿ ಒಂದು ಶನಿವಾರ ಮೂವತ್ತೈದು ದಾಟಿದ ಒಬ್ಬರು ಒಂಬತ್ತು ವರ್ಷದ ಮಗಳನ್ನು ಕರೆದುಕೊಂಡು ಬಂದರು. "ಸಾರ್, ಗುರ್ತು ಸಿಕ್ತಾ?" ಎಂದರು. ಮುಖದಿಂದ ಸಿಗಲಿಲ್ಲ. ಮಗಳ ಜಡೆಯಲ್ಲಿದ್ದ ಮಲ್ಲಿಗೆಯಿಂದ ಸಿಕ್ಕಿತು. ಈಗ ಕಲ್ಯಾಣಮಂಟಪಗಳಿಗೆ ಹೂವಿನ ಅಲಂಕಾರ ಮಾಡಿಸುತ್ತಾರಂತೆ. ಎಂಟು ಜನ ಆಳುಗಳಿದ್ದಾರಂತೆ. ತಂದೆ ತೀರಿಕೊಂಡು ಆರು ವರ್ಷವಾಯಿತಂತೆ. ನಾನು ಆ ಮಾತೂ ಈ ಮಾತೂ ಆಡಿ, ಕೊನೆಗೆ ಧೈರ್ಯ ಮಾಡಿ, "ಆ ಫೈನಲ್ಲಿನಲ್ಲಿ ನಿನ್ನನ್ನು ಆಡಿಸಲಿಲ್ಲವಪ್ಪಾ. ತಪ್ಪಾಯಿತು" ಎಂದೆ. ಇಪ್ಪತ್ತೈದು ವರ್ಷ ಬಾಯಲ್ಲಿಟ್ಟುಕೊಂಡಿದ್ದ ಮಾತು. ಹೊರಕ್ಕೆ ಬಂದಾಗ ಅಷ್ಟೇನೂ ದೊಡ್ಡದಾಗಿ ಕೇಳಿಸಲಿಲ್ಲ.

"ಯಾವ ಫೈನಲ್ಲು ಸಾರ್?" ಎಂದರು ಅವರು.

ಹೇಳಿದೆ. ಸಭಾಂಗಣ, ಗುಲಾಬಿ, 4-3. ಅವರು ತಲೆ ಕೆರೆದುಕೊಂಡು, "ಗುಲಾಬಿ ನೆನ್ಪಿದೆ ಸಾರ್. ಆಟ ನೆನ್ಪಿಲ್ಲ" ಎಂದರು.

"ಮತ್ತೆ ಬರುವುದನ್ನೇ ಬಿಟ್ಟುಬಿಟ್ಟೆಯಲ್ಲ?"

"ಅಯ್ಯೋ, ಮದ್ವೆ ಸೀಸನ್ನು ಬಂತಲ್ಲ ಸಾರ್! ಭಾನ್ವಾರ ಬೆಳಿಗ್ಗೆ ಮೂರು ಗಂಟೆಗೆ ಅಪ್ಪ ಮಾರ್ಕೆಟ್ಟಿಗೆ ಎಬ್ಬಿಸ್ಕೊಂಡು ಹೋಗೋರು. ಆಮೇಲೆ ಹಂಗೇ ಬಿಟ್ಟೋಯ್ತು."

ಇಪ್ಪತ್ತೈದು ವರ್ಷ ನಾನು ಹೊತ್ತುಕೊಂಡು ತಿರುಗಿದ ಪಾಪವನ್ನು ಮದುವೆ ಸೀಸನ್ನಿನ ಲೆಕ್ಕಕ್ಕೆ ಬರೆದು ಕೈ ತೊಳೆದುಬಿಟ್ಟರು! ಸಮಾಧಾನವಾಗಬೇಕಿತ್ತು, ನಿಜ ಹೇಳಬೇಕೆಂದರೆ, ಸ್ವಲ್ಪ ಬೇಸರವಾಯಿತು. ಒಬ್ಬ ಹುಡುಗನ ಬದುಕನ್ನು ಕೆಡಿಸುವಷ್ಟು ದೊಡ್ಡವನು ನಾನು ಎಂದು ಇಷ್ಟು ಕಾಲವೂ ಒಳಗೊಳಗೇ ಎಣಿಸಿದ್ದೆನೆಂದು ಕಾಣುತ್ತದೆ. ಅವರು ನಿಜವಾಗಿಯೇ ಮರೆತಿದ್ದರೋ, ಮುದುಕನ ಮುಖ ನೋಡಿ ಆ ಕ್ಷಣದಲ್ಲಿ ಮರೆತರೋ, ಅದನ್ನೂ ನಾನು ಇನ್ನೂ ತೀರ್ಮಾನಿಸಿಲ್ಲ. ಹೂವಿನ ವ್ಯಾಪಾರದವರು, ತಂದೆಯ ಹಾಗೆಯೇ ಕೊಡುವ ಕೈ.

"ಆದ್ರೆ ಸಾರ್, ಗೋಡೆಗೆ ನೂರು ಪಾಸು ಕೊಡಿಸ್ತಿದ್ರಲ್ಲ, ಅದನ್ನ ಇವ್ಳಿಗೂ ಮಾಡಿಸ್ತೀನಿ. ಮನೇಲಿ ಮಾಡ್ಸಿದ್ರೆ ಪಕ್ಕದ್ಮನೆ ಆಂಟಿ ಜಗಳಕ್ಕೆ ಬರ್ತಾರೆ. ಅದಕ್ಕೇ ನಿಮ್ಮ ಹತ್ರ ಕರ್ಕೊಂಡ್ಬಂದೆ" ಎಂದರು.

ಹುಡುಗಿಗೆ ಒಂದು ಚೆಂಡು ಕೊಟ್ಟೆ. ಆದರೆ ಟರ್ಫಿನ ಸುತ್ತ ಗೋಡೆಯೆಲ್ಲಿದೆ? ಬಲೆ. ಬಲೆಗೆ ಬಿದ್ದ ಚೆಂಡು ಅಲ್ಲಿಯೇ ಸತ್ತು ಕೆಳಗೆ ಬೀಳುತ್ತದೆ, ವಾಪಸು ಬರುವುದಿಲ್ಲ. ಆಕೆ ನಾಲ್ಕು ಸಲ ಒದ್ದು, ನಾಲ್ಕು ಸಲವೂ ಓಡಿಹೋಗಿ ತಂದು, "ತಾತ, ಇದು ವಾಪಸ್ ಕೊಡಲ್ಲ" ಎಂದಳು. ಅವಳನ್ನು ಕರೆದುಕೊಂಡು ಟರ್ಫಿನ ಹಿಂದೆ ಕಾರು ನಿಲ್ಲಿಸುವ ಜಾಗಕ್ಕೆ ಹೋದೆ. ಅಲ್ಲಿ ಎತ್ತರವಾದ ಕಾಂಪೌಂಡ್ ಗೋಡೆಯಿದೆ, ನೆಲ ಸಿಮೆಂಟಿನದು. ಯಾರದೋ ಸ್ಕೂಟರಿನ ಸೀಟಿನ ಮೇಲೆ ಕೂತೆ. ಬಲಗಾಲಿನಲ್ಲಿ ಐವತ್ತು, ಎಡಗಾಲಿನಲ್ಲಿ ಐವತ್ತು ಎಂದೆ. ಬಲಗಾಲಿನಲ್ಲಿ ಮೂವತ್ತೆರಡು ಆಗುವ ಹೊತ್ತಿಗೆ ವಾಚ್‌ಮನ್ ಸೀಟಿ ಊದುತ್ತಾ ಓಡಿಬಂದ: "ಯಾರ್ರೀ ಅದು? ಇಲ್ಲಿ ಆಟ ಆಡಂಗಿಲ್ಲ!" ನಾನು ಅವನ ಕಡೆಗೆ ತಿರುಗದೆ, "ಎಣಿಸುತ್ತಾ ಹೋಗಮ್ಮಾ" ಎಂದೆ. ಅವಳು ಎಣಿಸುತ್ತಾ ಹೋದಳು.